ಮಾಂಸವಿಲ್ಲದ ಮಿನ್ಸ್‌ಮೀಟ್

ನನ್ನ ನೆಗೆಣ್ಣಿಯನ್ನು, ಅಂದರೆ ನನ್ನ ಗಂಡನ ಅಣ್ಣನ ಹೆಂಡತಿಯನ್ನು, ನಾನು ಇನ್ನೂ ಕ್ಷಮಿಸಿಲ್ಲ. ಕ್ಷಮಿಸುವ ಆಲೋಚನೆಯೂ ಇಲ್ಲ. ಕ್ಷಮಿಸಿದರೆ ಮನಸ್ಸು ಹಗುರಾಗುತ್ತದೆ ಎಂದು ಬಹಳ ಜನ ನನಗೆ ಹೇಳಿದ್ದಾರೆ. ನನ್ನ ಮನಸ್ಸು ಹಗುರಾದದ್ದು ಬೇರೆ ದಾರಿಯಲ್ಲಿ. ಅದನ್ನು ನಡೆದ ಹಾಗೆ ಬರೆಯುತ್ತೇನೆ.

ಬೆಳಗಾವಿಯ ಕ್ಯಾಂಪ್ ಎಂಬ ದಂಡು ಪ್ರದೇಶದಲ್ಲಿ ನಮ್ಮದು ಹಳೆಯ ಹೆಂಚಿನ ಬಾಡಿಗೆ ಮನೆ. ಗಂಡ ಬಸ್ ಕಂಡಕ್ಟರ್. ನಾನು ಉದ್ಯಮಬಾಗದ ಒಂದು ಕಾರ್ಖಾನೆಯಲ್ಲಿ ತಪಾಸಣೆ ವಿಭಾಗದವಳು. ಎರಕ ಹೊಯ್ದು ಲೇತ್ ಯಂತ್ರದಲ್ಲಿ ತಿರುವಿದ ಲೋಹದ ಭಾಗಗಳನ್ನು ಅಳೆದು, ಕೂದಲೆಳೆಯಷ್ಟು ಹೆಚ್ಚುಕಡಿಮೆ ಇದ್ದರೂ ಕೆಂಪು ಬಣ್ಣದ ಗುರುತು ಹಾಕಿ ಪಕ್ಕಕ್ಕೆ ಎಸೆಯುವುದು ನನ್ನ ಕೆಲಸ. ಅತ್ತೆ ಹನ್ನೊಂದು ವರ್ಷದಿಂದ ನಮ್ಮ ಜೊತೆಗೇ ಇದ್ದರು. ಹಿರಿಯ ಮಗನ ಮನೆ ಊರಿನ ಇನ್ನೊಂದು ತುದಿಗೆ, ನಮ್ಮದಕ್ಕಿಂತ ದೊಡ್ಡದು. ಆದರೂ ಅವರು ನಮ್ಮಲ್ಲೇ ಉಳಿದರು. ಕಾರಣ ಕೇಳಿದವರಿಗೆಲ್ಲ, "ಇಲ್ಲಿ ಚಾ ಛಲೋ ಇರ್ತೈತಿ" ಎನ್ನುತ್ತಿದ್ದರು. ನೆಗೆಣ್ಣಿಗೆ ಈ ಮಾತು ಮುಳ್ಳಾಗಿತ್ತು. ಹಿರಿಯ ಸೊಸೆ ಇದ್ದೂ ಅತ್ತೆ ಕಿರಿಯಳ ಮನೆಯಲ್ಲಿದ್ದಾಳೆ ಎಂದರೆ ಜನ ಏನೆಂದುಕೊಂಡಾರು ಎಂಬ ಚಿಂತೆ ಅವಳಿಗೆ. ಜನ ಅಂದುಕೊಂಡದ್ದು ನಿಜವೇ ಆಗಿತ್ತು, ಆ ಮಾತು ಬೇರೆ.

ಎರಡು ವರ್ಷದ ಹಿಂದೆ, ದೀಪಾವಳಿ ಮುಗಿದ ವಾರ, ಗುಂಜಿಯ ಕಡೆ ಎರಡು ದಿನ ಅಕಾಲದ ಮಳೆ ಹೊಡೆಯಿತು. ನನ್ನ ತವರು ಅಲ್ಲೇ. ಹೊಲ ಕಾಡಿಗೆ ಅಂಟಿಕೊಂಡೇ ಇದೆ. ಅಣ್ಣ ಕೋಲು ಕೊಟ್ಟು ಕಟ್ಟಿದ್ದ ಟೊಮೆಟೊ ಗಿಡಗಳು ಸಾಲುಸಾಲಾಗಿ ಮಲಗಿಬಿಟ್ಟವು. ಹಣ್ಣಾದದ್ದು ಕೆಸರಲ್ಲಿ ಕೊಳೆಯಿತು, ಕಾಯಿ ಮಾತ್ರ ಕಲ್ಲಿನಂತೆ ಉಳಿಯಿತು. ಅಣ್ಣ ಎರಡು ಚೀಲ ಹಸಿರು ಕಾಯಿ ತುಂಬಿ, ಪ್ಯಾಸೆಂಜರ್ ರೈಲಿಗೆ ಹಾಕಿಕೊಂಡು ಬಂದು ನಮ್ಮ ಅಂಗಳದಲ್ಲಿ ಇಳಿಸಿದ.

"ಚಟ್ನಿ ಮಾಡು, ಪಲ್ಯಾ ಮಾಡು, ಇಲ್ಲಾ ಎಮ್ಮಿಗೆ ಹಾಕು" ಎಂದ. ನಮ್ಮಲ್ಲಿ ಎಮ್ಮೆ ಇರಲಿಲ್ಲ.

ಪಕ್ಕದ ಮನೆಯ ಟೀಚರ್ ಗೋಡೆಯ ಮೇಲಿಂದ ಇಣುಕಿದರು. ನಿವೃತ್ತರು, ಮದುವೆಯಾದವರಲ್ಲ, ಕ್ರಿಶ್ಚಿಯನ್ನರು. ಮನೆಮಾತು ಕೊಂಕಣಿ, ನಮ್ಮೊಡನೆ ನಮ್ಮಂತೆಯೇ ಮಾತಾಡುತ್ತಿದ್ದರು. ಕ್ಯಾಂಪಿನ ಅರ್ಧ ಮಕ್ಕಳಿಗೆ ಕೈ ಹಿಡಿದು ಅಕ್ಷರ ತಿದ್ದಿಸಿದವರು. ಚೀಲ ನೋಡಿದ್ದೇ ಅವರ ಕಣ್ಣು ಅರಳಿತು.

"ಇಷ್ಟು ಹಸರ ಟೊಮೆಟೊ! ನಮ್ಮವ್ವ ಇದರದ ಮಿನ್ಸ್‌ಮೀಟ್ ಮಾಡ್ತಿದ್ಲು. ನಾ ತಿಂದು ಮೂವತ್ತು ವರ್ಷ ಆತು."

"ಮೀಟ್ ಅಂದ್ರ ನಮಗ ನಡ್ಯಾಂಗಿಲ್ಲ ಟೀಚರ್."

"ಅಯ್ಯ, ಅದರಾಗ ಮಾಂಸ ಎಲ್ಲೈತಿ? ಪರದೇಶದಾಗ ಹಿಂದಕ ಯಾವಾಗೋ ಹಾಕ್ತಿದ್ರಂತ. ಮಾಂಸ ಹೋತು, ಹೆಸರು ಉಳೀತು. ಮೈಸೂರುಪಾಕದಾಗ ಮೈಸೂರು ಹುಡುಕ್ತಿ ಏನು ನೀ?"

ಆ ಶನಿವಾರ ಸಂಜೆ ಮತ್ತು ಭಾನುವಾರ ಇಡೀ ದಿನ ಇಬ್ಬರೂ ನಮ್ಮ ಅಡುಗೆಮನೆಯಲ್ಲೇ ಇದ್ದೆವು. ಕಾಯಿಗಳನ್ನು ತೊಗರಿಕಾಳಿನಷ್ಟು ಸಣ್ಣಗೆ ಹೆಚ್ಚಬೇಕು; ದಪ್ಪ ಹೆಚ್ಚಿದರೆ ಟೀಚರ್ ನನ್ನ ಬೆರಳಿನ ಗಿಣ್ಣಿಗೆ ಚಮಚದಿಂದ ಒಂದು ಕೊಡುತ್ತಿದ್ದರು. ಹೆಚ್ಚಿದ ಮೇಲೆ ಉಪ್ಪು ಸವರಿ ಒಂದು ತಾಸು ಬಿಟ್ಟರೆ ಹಸಿರು ನೀರು ಬಿಟ್ಟುಕೊಳ್ಳುತ್ತದೆ. ಅದನ್ನು ಚೆಲ್ಲಿ, ಕುದಿಯುವ ನೀರು ಹಾಕಿ, ಮತ್ತೆ ಬಸಿಯಬೇಕು. ಆಗ ಕಾಯಿಯ ಒಗರು ಇಳಿಯುತ್ತದೆ. ಆಮೇಲೆ ಬೆಲ್ಲ, ಒಣದ್ರಾಕ್ಷಿ, ಸಿಪ್ಪೆ ಸಮೇತ ಹೆಚ್ಚಿದ ಹುಳಿ ಸೇಬು, ಕಿತ್ತಳೆ ಸಿಪ್ಪೆಯ ಎಳೆಗಳು, ಲಿಂಬೆರಸ, ಒಂದು ಬಟ್ಟಲು ವಿನೆಗರ್. ದಾಲ್ಚಿನ್ನಿ, ಲವಂಗ, ಜಾಯಿಕಾಯಿ, ಒಣಶುಂಠಿ ಕೊನೆಗೆ. ಸಣ್ಣ ಉರಿಯಲ್ಲಿ ಮೂರು ತಾಸು. ಮೊದಲು ಅದು ಕೆರೆಯ ಪಾಚಿಯಂತೆ ಕಾಣುತ್ತದೆ. ಎರಡನೆಯ ತಾಸಿಗೆ ಕಂದು ತಿರುಗುತ್ತದೆ. ಮೂರನೆಯದಕ್ಕೆ ಸೌಟು ಎಳೆದ ದಾರಿ ತಳದಲ್ಲಿ ಒಂದು ಕ್ಷಣ ಹಾಗೇ ನಿಂತು ಮುಚ್ಚಿಕೊಳ್ಳುತ್ತದೆ. ಅದೇ ಹದ. ನಾನು ತುಪ್ಪ ಹಾಕಲೇ ಎಂದು ಕೇಳಿದಾಗ ಟೀಚರ್ ಬೇಡವೆಂದರು. ಜಿಡ್ಡಿದ್ದರೆ ಬಾಟಲಿಯಲ್ಲಿ ಕೆಡುತ್ತದಂತೆ.

ಬಾಟಲಿಗೆ ತುಂಬುವುದು ನನಗೆ ಅಡುಗೆಗಿಂತ ಹೆಚ್ಚು ಹಿಡಿಸಿತು. ಅದು ನನ್ನ ಕಾರ್ಖಾನೆಯ ಕೆಲಸದಂತೆಯೇ ಇತ್ತು. ಗಾಜಿನ ಬಾಟಲಿಗಳನ್ನು ಕುದಿಸಿ, ಬಿಸಿ ಇರುವಾಗಲೇ ಬಿಸಿ ಪಾಕ ತುಂಬಿ, ಮೇಲೆ ಅರ್ಧ ಇಂಚು ಜಾಗ ಬಿಡಬೇಕು. ಬಾಯಿಯಂಚನ್ನು ಒದ್ದೆ ಬಟ್ಟೆಯಿಂದ ಒರೆಸಬೇಕು. ಒಂದು ದ್ರಾಕ್ಷಿ ಚೂರು ಅಂಟಿದ್ದರೂ ಮುಚ್ಚಳ ಕೂರುವುದಿಲ್ಲ. ಮುಚ್ಚಳ ತಿರುವಿ, ದೊಡ್ಡ ಪಾತೇಲಿಯ ತಳದಲ್ಲಿ ಬಟ್ಟೆ ಹಾಸಿ, ಬಾಟಲಿಗಳು ಮುಳುಗುವಷ್ಟು ನೀರಲ್ಲಿ ಅರ್ಧ ತಾಸು ಕುದಿಸಿದೆವು. ಹೊರಗೆ ತೆಗೆದಿಟ್ಟ ಮೇಲೆ ಟೀಚರ್ ನನ್ನನ್ನು ಸುಮ್ಮನೆ ಕೂರಿಸಿದರು. ಸ್ವಲ್ಪ ಹೊತ್ತಿಗೆ ಟಕ್ ಎಂದು ಒಂದು ಮುಚ್ಚಳ ಒಳಕ್ಕೆ ಎಳೆದುಕೊಂಡಿತು. ಮತ್ತೊಂದು. ಹದಿನಾಲ್ಕು ಬಾಟಲಿ, ಹದಿನಾಲ್ಕು ಸದ್ದು. ಒಂದೂ ತಪ್ಪಲಿಲ್ಲ. ಟೀಚರ್ ಬಿಳಿ ಚೀಟಿಗಳನ್ನು ಕತ್ತರಿಸಿ, ಮುತ್ತಿನಂಥ ಇಂಗ್ಲಿಷ್ ಅಕ್ಷರದಲ್ಲಿ ‘ಗ್ರೀನ್ ಟೊಮೆಟೊ ಮಿನ್ಸ್‌ಮೀಟ್’ ಎಂದು ಬರೆದು ಪ್ರತಿಯೊಂದಕ್ಕೂ ಅಂಟಿಸಿದರು. ಅವರಿಗೆ ಆ ಬರಹದಲ್ಲಿ ಎಷ್ಟು ಸಂತೋಷವಿತ್ತೆಂದರೆ ಬೇರೆ ಹೆಸರು ಬರೆಯಿರಿ ಎನ್ನಲು ನನಗೆ ಬಾಯಿ ಬರಲಿಲ್ಲ.

ಅತ್ತೆಗೆ ನಾನು ಅದನ್ನು ಟೊಮೆಟೊ ಗುಳಂಬ ಎಂದೇ ಹೇಳಿದೆ. ಮಾವಿನಕಾಯಿಯ ಗುಳಂಬ ನಮ್ಮ ಕಡೆ ಎಲ್ಲರಿಗೂ ಗೊತ್ತು. ಇದೂ ಹಾಗೇ ಬೆಲ್ಲದಲ್ಲಿ ಬೆಂದದ್ದು. ಅವರು ಚಪಾತಿಗೆ ಹಚ್ಚಿಕೊಂಡು ತಿಂದು, ಬೆರಳು ನೆಕ್ಕಿ, "ಆ ಬಾಟ್ಲಿ ನನ್ನ ಕ್ವಾಣ್ಯಾಗ ಇಡು" ಎಂದರು. ಆ ಒಂದು ಕಡೆ ನನ್ನದೂ ತಪ್ಪಿದೆ. ಹೆಸರನ್ನೂ ಅದರ ಹಿಂದಿನ ಕಥೆಯನ್ನೂ ಅಂದೇ ಹೇಳಬಹುದಿತ್ತು.

ಎರಡು ಬಾಟಲಿ ನೆಗೆಣ್ಣಿಯ ಮನೆಗೂ ಹೋದವು. ಮರುದಿನ ಅವಳ ಫೋನು ಬಂತು.

"ಏನ ಇದು, ಮಿನ್ಸ್‌ಮೀಟ್ ಅಂತ ಬರದಾರಲ್ಲ?"

ನಾನು ಎಲ್ಲ ಹೇಳಿದೆ. ಏನೇನು ಹಾಕಿದ್ದೇನೆ, ಹೆಸರು ಎಲ್ಲಿಂದ ಬಂತು, ಮೈಸೂರುಪಾಕದ ಮಾತು ಕೂಡ. ಅವಳು ನಕ್ಕಳು. "ಹೌದನ? ಹಂಗಾರ ಛಲೋ ಆತು ಬಿಡು" ಎಂದಳು. ಇದನ್ನು ನಾನು ಒತ್ತಿ ಹೇಳುತ್ತಿದ್ದೇನೆ, ಏಕೆಂದರೆ ಮುಂದೆ ಎಲ್ಲರೂ ‘ಪಾಪ, ಆಕೀಗೆ ತಿಳೀಲಿಲ್ಲ’ ಎಂದರು. ಅವಳಿಗೆ ತಿಳಿದಿತ್ತು. ಅವಳು ಬಿ.ಎ. ಓದಿದವಳು.

ಎರಡು ದಿನ ಬಿಟ್ಟು, ನಾನು ಕೆಲಸಕ್ಕೆ ಹೋದ ಹೊತ್ತಿಗೆ ನೆಗೆಣ್ಣಿ ನಮ್ಮ ಮನೆಗೆ ಬಂದಳು. ಸಂಜೆ ನಾನು ಬಸ್ಸಿಳಿದು ಒಳಗೆ ಬಂದಾಗ ಅತ್ತೆ ಗೋಡೆಗೆ ಮುಖ ಮಾಡಿ ಕುಳಿತಿದ್ದರು. ಹಣೆಯ ವಿಭೂತಿ ಅಳಿಸಿಹೋಗಿತ್ತು. ಹಿತ್ತಲಲ್ಲಿ ಬಾಟಲಿಗಳು ಬೋರಲಾಗಿ ಬಿದ್ದಿದ್ದವು, ಪಾಕವೆಲ್ಲ ಮಣ್ಣಿನ ಮೇಲೆ, ಇರುವೆ ಮುತ್ತಿದ್ದವು.

"ಖರೇ ಹೇಳು," ಎಂದರು ಅತ್ತೆ. "ಆ ಚೀಟಿ ಮ್ಯಾಲೆ ಏನ ಬರದಾರ?"

"ಮಿನ್ಸ್‌ಮೀಟ್ ಅಂತ ಬರದಾರ್ರಿ."

"ಮೀಟ್ ಅಂದ್ರ ಏನು?"

"ಮಾಂಸ್ರಿ. ಆದ್ರ..."

ಆ ‘ಆದ್ರ’ದ ನಂತರದ ಒಂದು ಮಾತನ್ನೂ ಅವರು ಕೇಳಲಿಲ್ಲ. ಬೆಳಿಗ್ಗೆ ಎದ್ದು ಕೈಯಲ್ಲಿ ಲಿಂಗ ಹಿಡಿದು ಪೂಜೆ ಮಾಡುವ ಜೀವ; ಅರವತ್ತೆಂಟು ವರ್ಷ ಮೊಟ್ಟೆಯ ಸಿಪ್ಪೆಯನ್ನೂ ಮುಟ್ಟಿದವರಲ್ಲ. ಎರಡು ದಿನ ಬರೀ ಹಾಲು ಕುಡಿದರು. ಮೂರನೆಯ ದಿನ ನೆಗೆಣ್ಣಿ ರಿಕ್ಷಾ ತಂದು, ಅವರ ಟ್ರಂಕು, ಹಾಸಿಗೆ, ಪೂಜೆಯ ಸಾಮಾನು ಎಲ್ಲ ಏರಿಸಿಕೊಂಡು ಹೋದಳು. ಹೋಗುವ ಮುಂಚೆ ಟೀಚರ ಗೇಟಿನ ಮುಂದೆ ನಿಂತು, ಇಡೀ ಗಲ್ಲಿಗೆ ಕೇಳುವಂತೆ, "ನಮ್ಮ ಮುದುಕೀ ಬಾಯಾಗ ಮಾಂಸಾ ಇಟ್ಟು ಜಾತಿ ಕೆಡಿಸಿದಿಯವ್ವಾ ನೀ! ನಿನ್ನ ದೇವ್ರು ಮೆಚ್ಚಾಂಗಿಲ್ಲ!" ಎಂದು ಕೂಗಿದಳು. ಟೀಚರ್ ಬಾಗಿಲಲ್ಲಿ ನಿಂತಿದ್ದರು. ಕೈಯಲ್ಲಿ ಗಿಡಕ್ಕೆ ಹಾಕುವ ನೀರಿನ ಚೊಂಬು. ಒಳಗೆ ಹೋಗಿ ಬಾಗಿಲು ಹಾಕಿಕೊಂಡರು. ಅಂದಿನಿಂದ ನಮ್ಮ ಕಡೆಯ ಹಿತ್ತಲ ಬಾಗಿಲನ್ನು ತೆರೆಯುವುದನ್ನೇ ಬಿಟ್ಟರು. ನಾನು ಕರೆದರೆ ಕಿಟಕಿಯಿಂದ, "ಬ್ಯಾಡವಾ, ನನ್ನಿಂದ ನಿನ್ನ ಸಂಸಾರಕ್ಕ ತ್ರಾಸ ಆತು" ಎನ್ನುತ್ತಿದ್ದರು.

ಗಂಡನಿಗೆ ಹೇಳಿದೆ: ಅವಳಿಗೆ ನಾನು ಮೊದಲೇ ಎಲ್ಲ ಹೇಳಿದ್ದೆ ಎಂದು. ಅತ್ತಿಗೆಯನ್ನು ವೈನೀ ಎಂದೇ ಕರೆಯುವ ಅವನು ತಲೆ ಕೆರೆದುಕೊಂಡ. "ವೈನೀ ಸ್ವಭಾವ ನಿನಗ ಗೊತ್ತಿಲ್ಲೇನು? ನಾಕ ದಿನ ಆದ ಮ್ಯಾಲೆ ತಣ್ಣಗಾಗ್ತೈತಿ." ಆ ನಾಲ್ಕು ದಿನ ಒಂದು ವರ್ಷವಾಯಿತು.

ಆ ನಡುವೆ, ಅತ್ತೆ ಹೋದ ಮೂರು ತಿಂಗಳಿಗೆ, ಮಾಘದಲ್ಲಿ ನೆಗೆಣ್ಣಿಯ ಮಗಳ ಕುಬಸ ಬಂತು. ಖಾನಾಪುರಕ್ಕೆ ಕೊಟ್ಟ ಹುಡುಗಿ, ಮೊದಲ ಬಸುರು. ಬಸುರಿ ಹುಡುಗಿಯ ಮೇಲೆ ನನಗೇನು ಸಿಟ್ಟು? ಬೆಳಿಗ್ಗೆಯೇ ಹೋಗಿ, ಸೀರೆ ಎತ್ತಿ ಕಟ್ಟಿ, ಹೋಳಿಗೆಯ ಕಣಕ ನಾದಲು ಕುಳಿತೆ. ಅಡುಗೆಮನೆಯಲ್ಲಿ ಏಳೆಂಟು ಹೆಂಗಸರಿದ್ದರು. ನೆಗೆಣ್ಣಿ ಬಂದು ಹಿಟ್ಟಿನ ಪರಾತವನ್ನು ನನ್ನ ಕೈಕೆಳಗಿಂದ ಎಳೆದುಕೊಂಡಳು.

"ನೀ ಒಲಿ ಮುಂದ ಬರಬ್ಯಾಡ ತಂಗಿ. ಹಿರ್ಯಾರು ಉಣ್ಣೂದೈತಿ."

ದನಿ ಸಿಹಿಯಾಗಿತ್ತು. ಕೈಗೆ ಹಿಟ್ಟು ಮೆತ್ತಿಕೊಂಡು ನಾನು ಎದ್ದು ನಿಂತೆ. ಯಾರೂ ತಲೆ ಎತ್ತಲಿಲ್ಲ. ಒಬ್ಬಳು ಮಾತ್ರ ನಾನು ನಾದಿದ ಕಣಕದ ಮುದ್ದೆಯನ್ನು ಬೆರಳ ತುದಿಯಲ್ಲಿ ಎತ್ತಿ ಹೊರಗೆ ಆಕಳಿಗೆಂದು ಇಟ್ಟಳು. ಅತ್ತೆ ನಡುಮನೆಯಲ್ಲಿ ಕುಳಿತು ಅದನ್ನು ನೋಡಿದರು, ನೋಡಿ ಕಣ್ಣು ಕೆಳಗೆ ಹಾಕಿದರು. ನಾನು ಕೈ ತೊಳೆದು, ಬಸುರಿಯ ಉಡಿ ತುಂಬಿ, ಊಟ ಮಾಡದೆ ಹೊರಟೆ. ಕೋಟೆಯ ಹತ್ತಿರದ ಸ್ಟಾಪಿನಲ್ಲಿ ಬಸ್ಸಿಗೆ ಕಾಯುವಾಗ ಉಗುರಿನ ಸಂದಿಯಲ್ಲಿ ಒಣಗಿದ ಹಿಟ್ಟನ್ನು ಕೆತ್ತಿ ತೆಗೆಯುತ್ತಿದ್ದೆ. ಅತ್ತಿರಲಿಲ್ಲ. ಇದನ್ನು ನಾನು ತೀರಿಸುತ್ತೇನೆ, ಅವಳ ಮನೆಯಲ್ಲೇ, ಅವಳ ಜನರ ಮುಂದೆಯೇ ತೀರಿಸುತ್ತೇನೆ ಎಂದು ಅಲ್ಲೇ ನಿಂತು ನಿಶ್ಚಯಿಸಿದೆ. ಹೇಗೆ ಎಂಬುದು ಮಾತ್ರ ಗೊತ್ತಿರಲಿಲ್ಲ.

ಮುಂದಿನ ಚಳಿಗಾಲ ಅಣ್ಣನ ಹೊಲದಲ್ಲಿ ಬೆಳೆ ಚೆನ್ನಾಗಿತ್ತು. ನಾನೇ ಕಾಯಿ ಕೀಳಿಸಿದೆ. ಕ್ಯಾಂಪಿನ ಮನೆಯಲ್ಲಿ ಮಾಡುವುದು ಬೇಡವೆಂದು ಗಂಡ ಕೈಮುಗಿದ. ಹಾಗಾಗಿ ಚೀಲಗಳನ್ನು ಖಾನಾಪುರದ ನನ್ನ ಗೆಳತಿಯ ಮನೆಗೆ ಒಯ್ದೆ. ಇಬ್ಬರೂ ಶಾಲೆಯಲ್ಲಿ ಒಂದೇ ಬೆಂಚಿನವರು. ಅವಳ ಮನೆಮಾತು ಮರಾಠಿ. ಮನೆಯ ಮುಂದಿನ ಕೋಣೆಯಲ್ಲೇ ಹಪ್ಪಳ, ಸಂಡಿಗೆ, ಉಪ್ಪಿನಕಾಯಿ ಮಾರುತ್ತಾಳೆ. ಎರಡು ರಜೆಯ ದಿನ ನಾವಿಬ್ಬರೂ ಕೂಡಿ ಮೂವತ್ತು ಬಾಟಲಿ ತುಂಬಿದೆವು. ಟೀಚರ ಚಮಚದ ಏಟಿಲ್ಲದೆಯೂ ನಾನು ಹೆಚ್ಚಿದ್ದು ಈಗ ಸಣ್ಣಗಿತ್ತು. ಗೆಳತಿ ತನ್ನ ಚೀಟಿ ಅಂಟಿಸಿದಳು: ‘ಹಸಿರು ಟೊಮೆಟೊ ಗುಳಂಬ’. ಅದರಲ್ಲಿ ಯಾವ ಹುನ್ನಾರವೂ ಆಗ ಇರಲಿಲ್ಲ. ಆ ಹೆಸರಿಗೆ ಗಿರಾಕಿ ಹೆದರುವುದಿಲ್ಲ ಅಷ್ಟೇ.

ಸಂಕ್ರಾಂತಿ ಮುಗಿದ ಮೇಲೆ ಗೆಳತಿಯ ಫೋನು.

"ಅಗಾ, ಒಂದ ಮಜಾ ಕೇಳ. ನಿಮ್ಮ ನೆಗೆಣ್ಣಿ ಮಗಳ ಮನೀಗೆ ಬಂದಾಗ ನನ್ನ ಕಡೆ ಹಪ್ಪಳ ಒಯ್ತಾಳಲ್ಲ? ಹೋದ ಸಲ ಆ ಗುಳಂಬ ಒಂದು ಒಯ್ದಿದ್ಲು. ಇವತ್ತ ಬಂದು ಇನ್ನೂ ನಾಕ ಒಯ್ದಳು. ಮನ್ಯಾಗ ಎಲ್ಲಾರೂ ಅದಕ್ಕ ಹುಚ್ಚಾಗ್ಯಾರಂತ. ನಿಮ್ಮ ಅತ್ತಿನೂ ಭಾಳ ತಿಂತಾರಂತ."

ಫೋನು ಕಿವಿಗಿಟ್ಟುಕೊಂಡೇ ನಾನು ಕಾರ್ಖಾನೆಯ ಗೋಡೆಗೆ ಒರಗಿದೆ. ಒಳಗೆ ಯಂತ್ರಗಳ ಸದ್ದು. ನನಗೆ ನಗು ಬರುತ್ತಿತ್ತು. ಅದೇ ರುಚಿ, ಆದರೆ ಅಂಗಡಿಯ ಚೀಟಿ ಅಂಟಿದ ಗುಳಂಬದ ಮೇಲೆ ಯಾರಿಗೂ ಅನುಮಾನವೇ ಬಂದಿರಲಿಲ್ಲ.

"ಕೊಡು," ಎಂದೆ. "ಕೇಳಿದಷ್ಟು ಕೊಡು. ನನ್ನ ಹೆಸರು ಮಾತ್ರ ಎತ್ತಬ್ಯಾಡ."

"ಏನ ಮಾಡಾಕಿ ನೀ?"

"ಇನ್ನೂ ಗೊತ್ತಿಲ್ಲ."

ಗೊತ್ತಾಗಲು ತಿಂಗಳೂ ಹಿಡಿಯಲಿಲ್ಲ. ನೆಗೆಣ್ಣಿ ಊರ ಹೊರಗಿನ ಬಡಾವಣೆಯಲ್ಲಿ ಹೊಸ ಮನೆ ಕಟ್ಟಿಸಿದ್ದಳು. ಗೃಹಪ್ರವೇಶಕ್ಕೆ ಜಂಗಮ ಅಯ್ಯನವರನ್ನು ಕರೆಸಿ ಪಾದಪೂಜೆ, ಬಂಧುಬಳಗಕ್ಕೆಲ್ಲ ಊಟ. ಅದಕ್ಕೆ ಅವಳು ಗೆಳತಿಯ ಬಳಿ ಇನ್ನೂರು ಕರಚಿಕಾಯಿ, ಎಣ್ಣೆಯಲ್ಲಿ ಕರಿದ ಕಡುಬು, ಮಾಡಲು ಹೇಳಿದಳು, ಕೊಬ್ಬರಿಯ ಬದಲು ಒಳಗೆ ಆ ಗುಳಂಬ ತುಂಬಿ. ಹೊಸ ನಮೂನೆ ಅಂತ ಎಲ್ಲರೂ ಹೊಗಳಬೇಕು ಎಂಬ ಆಸೆ. ನಾನು ಕೆಲಸಕ್ಕೆ ಎರಡು ದಿನ ರಜೆ ಹಾಕಿ ಖಾನಾಪುರಕ್ಕೆ ಹೋದೆ. ಇನ್ನೂರಕ್ಕೆ ಇನ್ನೂರೂ ನನ್ನ ಕೈಯಿಂದಲೇ ಮಾಡಿದೆ. ಅಂಚು ಮಡಿಸುವಾಗ ಗೆಳತಿ ಸಹಾಯಕ್ಕೆ ಬಂದರೆ ಅವಳಿಗೂ ಕೈ ಹಾಕಗೊಡಲಿಲ್ಲ. ಒಂದೂ ಬಾಯಿ ಬಿಡಬಾರದು, ಒಂದೂ ಕಪ್ಪಾಗಬಾರದು. ನನ್ನ ಜೀವಮಾನದಲ್ಲಿ ಅಷ್ಟು ಅಚ್ಚುಕಟ್ಟಾದ ಅಡುಗೆಯನ್ನು ಪ್ರೀತಿಯಿಂದಲೂ ಮಾಡಿಲ್ಲ.

ಗೃಹಪ್ರವೇಶಕ್ಕೆ ನಮಗೂ ಕರೆ ಇತ್ತು. ಜನ ಏನಾದರೂ ಅಂದಾರು ಎಂದು ಕರೆದಿದ್ದಳು. ನಾನು ಇಳಕಲ್ ಸೀರೆ ಉಟ್ಟು ಹೋದೆ. ಅಡುಗೆಮನೆಯ ಕಡೆ ತಿರುಗಿಯೂ ನೋಡದೆ ಹೆಂಗಸರ ಪಂಕ್ತಿಯ ತುದಿಗೆ ಕುಳಿತೆ. ಪಾದಪೂಜೆ ಮುಗಿಯಿತು. ಅಯ್ಯನವರು, ಎಂಬತ್ತರ ಹತ್ತಿರದ ಹಲ್ಲಿಲ್ಲದ ಮುದುಕರು, ಊಟಕ್ಕೆ ಕುಳಿತರು. ಅವರ ಎದುರಿಗೆ ಅತ್ತೆ. ನೆಗೆಣ್ಣಿ ತಾನೇ ಬುಟ್ಟಿ ಹಿಡಿದು ಕರಚಿಕಾಯಿ ಬಡಿಸಿದಳು. ಸಾಲಿನುದ್ದಕ್ಕೂ ಕರುಂ ಕುರುಂ ಸದ್ದು, ಆಮೇಲೆ ‘ಅಬಾ!’ ಎಂಬ ಉದ್ಗಾರ. ಅಯ್ಯನವರು ಒಂದನ್ನು ಮುರಿದು, ಒಳಗಿನದನ್ನು ಬೆರಳಿಂದ ತೆಗೆದು ಚಪ್ಪರಿಸಿದರು.

"ಏನ ತುಂಬೀಯವ್ವಾ ಇದರಾಗ? ಕೊಬ್ಬರಿ ಅಲ್ಲ, ಹೂರಣ ಅಲ್ಲ."

"ಗುಳಂಬ್ರಿ ಅಜ್ಜಾರ. ಖಾನಾಪುರದಿಂದ ಹೇಳಿ ಮಾಡ್ಸೇನ್ರಿ. ಭಾಳ ಸ್ವಚ್ಛ ಮಂದಿರಿ ಅವ್ರು. ಎಲ್ಲಾರ ಕೈಯಾಗಿಂದು ನಾವು ತಿನ್ನಾಂಗಿಲ್ಲಲ್ರಿ, ನಾನ ಕಣ್ಣಾರೆ ನೋಡಿ ತರ್ಸೂದು."

ಆ ‘ಎಲ್ಲಾರ ಕೈಯಾಗಿಂದು’ ಎನ್ನುವಾಗ ಅವಳು ನನ್ನ ಕಡೆ ನೋಡಿದಳು. ಅಷ್ಟು ಸಾಕಿತ್ತು ನನಗೆ.

"ಹೆಂಗ ಮಾಡ್ತಾರಂತ ಇದನ್ನ?" ಎಂದರು ಅಯ್ಯನವರು.

"ಟೊಮೆಟೊರಿ... ಬೆಲ್ಲಾರಿ..." ಅವಳು ತಡವರಿಸಿದಳು.

ನಾನು ಎಲೆಯ ಮುಂದೆ ಕುಳಿತಲ್ಲಿಂದಲೇ ಮಾತಾಡಿದೆ.

"ನಾ ಹೇಳ್ತೇನ್ರಿ ಅಜ್ಜಾರ. ಗುಂಜಿಯಾಗ ನಮ್ಮಣ್ಣನ ಹೊಲದಾಗಿನ ಹಸರ ಟೊಮೆಟೊರಿ. ತೊಗರಿಕಾಳಿನಷ್ಟು ಸಣ್ಣಗ ಹೆಚ್ಚಿ, ಉಪ್ಪು ಹಚ್ಚಿ, ಬಸದು, ಬಿಸಿನೀರಾಗ ಹಾಕಿ, ಮತ್ತ ಬಸೀಬೇಕ್ರಿ. ಬೆಲ್ಲ, ಒಣದ್ರಾಕ್ಷಿ, ಸೇಬು, ಕಿತ್ತಳಿ ಸಿಪ್ಪಿ, ಲಿಂಬಿಹುಳಿ. ದಾಲ್ಚಿನ್ನಿ, ಲವಂಗ, ಜಾಜಿಕಾಯಿ, ಒಣಶುಂಠಿ. ಮೂರು ತಾಸು ಕುದಿಸಿ ಬಾಟ್ಲಿಗೆ ತುಂಬಿ, ಬಾಟ್ಲಿನೂ ಅರ್ಧ ತಾಸು ಕುದಿಸಬೇಕ್ರಿ. ಹೋದ ವರ್ಷ ಇದನ್ನ ನಮ್ಮನ್ಯಾಗ ಮಾಡಿದ್ದೆ. ಈ ವರ್ಷ ಖಾನಾಪುರದಾಗ ಮಾಡೀನಿ. ಇವತ್ತಿನ ಇನ್ನೂರು ಕರಚಿಕಾಯಿನೂ ನಂದ ಕೈರಿ."

ಅಗಿಯುವ ಸದ್ದು ನಿಂತುಹೋಯಿತು. ನೆಗೆಣ್ಣಿಯ ಮುಖದ ಬಣ್ಣ ಇಳಿಯುವುದನ್ನು ನಾನು ಪೂರ್ತಿಯಾಗಿ ನೋಡಿದೆ. ಒಂದು ಕ್ಷಣವನ್ನೂ ಬಿಡಲಿಲ್ಲ. ಪಂಕ್ತಿಯಲ್ಲಿ ಯಾರೋ, "ಅಂದ್ರ ಆ ಮಾಂಸದ್ದ ಇದು?" ಎಂದು ಪಿಸುಗುಟ್ಟಿದರು. ಒಬ್ಬಳು ಬಾಯಿಗೆ ಸೆರಗು ಒತ್ತಿಕೊಂಡಳು. ನನ್ನ ಗಂಡ ಗಂಡಸರ ಸಾಲಿನಲ್ಲಿ ಎಲೆಯನ್ನೇ ನೋಡುತ್ತ ಕುಳಿತಿದ್ದ.

"ಅಕ್ಕಾರ," ಎಂದೆ ನಾನು, "ನೀವ ಹೇಳ್ರಿ. ಇದರಾಗ ಮಾಂಸ ಐತೋ ಇಲ್ಲೋ?"

ಅವಳಿಗೆ ಎರಡೇ ದಾರಿ ಇದ್ದವು. ಇದೆ ಎಂದರೆ ಹೊಸ ಮನೆಯಲ್ಲಿ, ಪಾದಪೂಜೆಯ ದಿನ, ಅಯ್ಯನವರ ಎಲೆಗೆ ತಾನೇ ಕೈಯಾರೆ ಮಾಂಸ ಬಡಿಸಿದಂತೆ. ಇಲ್ಲ ಎಂದರೆ ವರ್ಷದ ಹಿಂದೆ ಹೇಳಿದ್ದೆಲ್ಲ ಸುಳ್ಳು.

"ಇಲ್ಲ," ಎಂದಳು.

"ಆ ಬಾಜೂ ಕುಂತವರಿಗೆ ಕೇಳ್ಸಿಲ್ರಿ."

"ಇಲ್ಲ, ಇದರಾಗ ಮಾಂಸ ಇಲ್ಲ!"

"ಹೋದ ವರ್ಷ ಇತ್ತೇನ್ರಿ?"

ಅವಳ ಕಣ್ಣಲ್ಲಿ ನೀರು ತುಂಬಿತು. ನನಗೆ ಕರುಣೆ ಬರಲಿಲ್ಲ. ಕಣಕದ ಮುದ್ದೆ ನೆನಪಿತ್ತು, ಚೊಂಬು ಹಿಡಿದು ಬಾಗಿಲಲ್ಲಿ ನಿಂತ ಟೀಚರ್ ನೆನಪಿದ್ದರು.

"ಇರಲಿಲ್ಲ," ಎಂದಳು. "ನೀ ಫೋನಿನ್ಯಾಗ ಹೇಳಿದ್ದಿ."

ಅಷ್ಟನ್ನು ನಾನು ಕೇಳಿರಲಿಲ್ಲ. ತಾನಾಗಿ ಬಾಯಿಂದ ಬಿತ್ತು. ಅವಳ ಗಂಡ ಎಲೆ ಬಿಟ್ಟು ಎದ್ದ. ಏನಾಗುತ್ತದೋ ಎಂದು ಎಲ್ಲರೂ ಅಯ್ಯನವರ ಕಡೆ ನೋಡಿದರು. ಆ ಮುದುಕರಿಗೆ ನಮ್ಮ ಮನೆಯ ಹಿಂದಿನ ಸುದ್ದಿ ಎಷ್ಟು ಗೊತ್ತಿತ್ತೋ, ಎಷ್ಟು ಕೇಳಿಸಿತ್ತೋ. ಖಾಲಿ ಎಲೆ ತೋರಿಸಿ, "ಮಾಂಸ ಇಲ್ಲಲ್ಲವಾ? ಹಂಗಾರ ಇನ್ನೊಂದು ಹಾಕು" ಎಂದರು. ನೆಗೆಣ್ಣಿ ಬಗ್ಗಿ ಬಡಿಸಿದಳು. ನಾನು ಮಾಡಿದ್ದನ್ನು, ನನ್ನ ಕಣ್ಣೆದುರು, ಅಯ್ಯನವರಿಗೆ. ಆಮೇಲೆ ನಾನು ಸಾವಕಾಶವಾಗಿ, ಪಾಯಸದವರೆಗೂ ಊಟ ಮಾಡಿದೆ. ಹೊಟ್ಟೆ ತುಂಬ ಉಂಡೆ.

ಕೈ ತೊಳೆಯುವಲ್ಲಿ ಅತ್ತೆ ಬಂದರು. ಈಗ ನನ್ನ ತಲೆ ಸವರುತ್ತಾರೆ, ಮನೆಗೆ ಬರುತ್ತೇನೆ ಎನ್ನುತ್ತಾರೆ ಎಂದುಕೊಂಡೆ. ಅವರು ನನ್ನ ಮುಖವನ್ನೇ ನೋಡಿದರು.

"ಆಕಿ ಇಲ್ಲದ್ದು ಹೇಳಿ ನನ್ನ ಬಾಯಿ ಕಟ್ಟಿದ್ಲು. ನೀ ಇದ್ದದ್ದು ಮುಚ್ಚಿಟ್ಟು ನನಗ ತಿನ್ಸಿದಿ. ಒಂದ ಮಾತು ನನಗರೆ ಹೇಳಬೇಕಿತ್ತಲ್ಲ? ನಿಮ್ಮ ಇಬ್ರ ಜಗಳದಾಗ ನಾ ಏನು, ತೂಗೂ ಕಲ್ಲೇನು?"

ಅವರು ವಾರಗಟ್ಟಲೆ ಅದನ್ನು ತಿನ್ನುತ್ತಿದ್ದಾರೆಂದು ನನಗೆ ಗೊತ್ತಿತ್ತು, ಒಂದು ಸಲ ಫೋನು ಮಾಡಿ ಹೇಳಬಹುದಿತ್ತು. ಹೇಳಿದ್ದರೆ ಅವತ್ತಿನ ಪಂಕ್ತಿ ಇರುತ್ತಿರಲಿಲ್ಲ. ಪಂಕ್ತಿಯೇ ನನಗೆ ಬೇಕಾಗಿತ್ತು. ಅತ್ತೆ ಸೆರಗಿನಿಂದ ಕೈ ಒರೆಸಿಕೊಂಡು ಒಳಗೆ ಹೋದರು. ಅವತ್ತು ನಮ್ಮ ಜೊತೆ ಬರಲಿಲ್ಲ.

ಗಂಡ ಎರಡು ದಿನ ನನ್ನೊಡನೆ ಮಾತಾಡಲಿಲ್ಲ. ಮೂರನೆಯ ದಿನ ಚಹಾ ಕುಡಿಯುತ್ತ, "ಇನ್ನೂರೂ ನೀ ಒಬ್ಬಾಕಿನ ಮಾಡಿದ್ಯಾ?" ಎಂದು ಕೇಳಿದ. ಹೌದು ಎಂದೆ. ಅವನು ತಲೆ ಅಲ್ಲಾಡಿಸಿ ಡ್ಯೂಟಿಗೆ ಹೋದ.

ಟೀಚರ ಮನೆಗೆ ನಾನೇ ಹೋದೆ. ಕಿಟಕಿಯ ಹೊರಗೆ ನಿಂತು ನಡೆದದ್ದನ್ನೆಲ್ಲ ಹೇಳಿದೆ. ಅವರು ಬೈಯಬಹುದು ಎಂದುಕೊಂಡಿದ್ದೆ. ‘ಆ ಬಾಜೂ ಕುಂತವರಿಗೆ ಕೇಳ್ಸಿಲ್ರಿ’ ಎಂದದ್ದಕ್ಕೆ ಬಂದಾಗ ಒಳಗಿಂದ ವಿಚಿತ್ರ ಸದ್ದು ಕೇಳಿಸಿತು. ನಗುತ್ತಿದ್ದರು. ನಕ್ಕೂ ನಕ್ಕೂ ಕೆಮ್ಮು ಬಂತು, ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. "ಪಾಪವಾ, ಇಷ್ಟು ಖುಷಿ ಪಟ್ಟಿದ್ದಕ್ಕ ನಾ ಪಾದ್ರಿ ಮುಂದ ತಪ್ಪೊಪ್ಪಿಗೊಬೇಕು" ಎಂದರು. ಆಮೇಲೆ ಹಿತ್ತಲ ಬಾಗಿಲಿನ ಚಿಲಕ ತೆಗೆದರು. ಬಹಳ ದಿನದಿಂದ ಹಾಕಿದ್ದ ಚಿಲಕ ಬಿಗಿದುಹೋಗಿತ್ತು. ಹೊರಗಿಂದ ನಾನೂ ಒತ್ತಬೇಕಾಯಿತು.

ಅತ್ತೆ ಬಂದದ್ದು ಮಳೆಗಾಲದಲ್ಲಿ, ರಿಕ್ಷಾದಲ್ಲಿ ಟ್ರಂಕು ಇಟ್ಟುಕೊಂಡು, ಒಬ್ಬರೇ. ಯಾಕೆ ಎಂದು ನಾನು ಕೇಳಲಿಲ್ಲ. ಚಹಾ ಮಾಡಿಕೊಟ್ಟೆ. ಅರ್ಧ ಕುಡಿದು, "ಇನ್ನ ಮ್ಯಾಲೆ ಒಲಿ ಮ್ಯಾಲೆ ಏನಿಟ್ರೂ ಮೊದಲ ನನಗ ಹೇಳಿ ಇಡು" ಎಂದರು. ಆಯಿತು ಎಂದೆ. ಮೊದಲಿನ ಸಲಿಗೆ ಮರಳಲಿಲ್ಲ. ನಾನು ಏನು ಬಡಿಸಿದರೂ ಒಂದು ಗಳಿಗೆ ತಟ್ಟೆಯನ್ನು ನೋಡಿ ಆಮೇಲೆ ಕೈ ಹಾಕುತ್ತಾರೆ. ಆ ಒಂದು ಗಳಿಗೆ ನೆಗೆಣ್ಣಿ ಕೊಟ್ಟದ್ದೋ ನಾನು ಕೊಟ್ಟದ್ದೋ ಎಂದು ವಿಚಾರ ಮಾಡುತ್ತೇನೆ. ಇಬ್ಬರದೂ ಪಾಲಿದೆ. ಹಾಗೆಂದು ಆ ಪಂಕ್ತಿಯನ್ನು ಬಿಟ್ಟುಕೊಡು ಎಂದು ಯಾರಾದರೂ ಕೇಳಿದರೆ, ನಾನು ಬಿಟ್ಟುಕೊಡುವುದಿಲ್ಲ.

ಈ ದೀಪಾವಳಿ ಮುಗಿದ ಮೇಲೆ ನಮ್ಮ ಅಡುಗೆಮನೆಯಲ್ಲೇ ಮತ್ತೆ ಮಾಡಿದೆವು. ಅತ್ತೆ ಮಣೆ ಹಾಕಿಕೊಂಡು ಕುಳಿತು ಇಳಿಗೆಯಲ್ಲಿ ಕಾಯಿ ಹೆಚ್ಚಿದರು. ಟೀಚರ್ ಬಾಗಿಲ ಹೊರಗೆ ಕುರ್ಚಿ ಹಾಕಿಕೊಂಡಿದ್ದರು. ಒಳಗೆ ಬನ್ನಿ ಎಂದು ಅತ್ತೆ ಕರೆಯಲಿಲ್ಲ, ಅಲ್ಲಿ ಬೇಡ ಎಂದೂ ಅನ್ನಲಿಲ್ಲ. ಮೊದಲ ಪಾತೇಲಿಯ ಪಾಕ ಕಂದು ತಿರುಗುವ ಹೊತ್ತಿಗೆ ನನ್ನ ಫೋನು ಹೊಡೆಯಿತು. ನೆಗೆಣ್ಣಿ. ಗೃಹಪ್ರವೇಶದ ನಂತರ ಮೊದಲ ಸಲ.

"ತಂಗಿ, ಮಗಳ ಅತ್ತಿಮನ್ಯಾಗ ಕೇಳಾಕತ್ತಾರ," ಎಂದಳು. ದನಿ ತೀರ ಮೆತ್ತಗಿತ್ತು. "ಖಾನಾಪುರದಾಕಿ ತನ್ನ ಕಡೆ ಇಲ್ಲಂದ್ಲು. ಎರಡ ಬಾಟ್ಲಿ ಸಿಗ್ತಾವೇನು?"

ಕಟ್ಟೆಯ ಮೇಲೆ ಇಪ್ಪತ್ತೆರಡು ಬಾಟಲಿಗಳು ಬಾಯಿ ತೆರೆದು ಸಾಲಾಗಿ ನಿಂತಿದ್ದವು. ಅತ್ತೆ ಹೆಚ್ಚುವುದನ್ನು ನಿಲ್ಲಿಸಿ ನನ್ನ ಕಡೆ ನೋಡಿದರು.

"ಇಲ್ರಿ ಅಕ್ಕಾರ," ಎಂದೆ. "ಈ ಸಲ ಟೊಮೆಟೊನ ಬಂದಿಲ್ಲ."

ಅತ್ತೆ ಇನ್ನೊಂದು ಕಾಯಿ ತೆಗೆದುಕೊಂಡು ಹೆಚ್ಚತೊಡಗಿದರು.